ಕಟ್ಟು ಬಿಚ್ಚಿ ಓದಿಸಿದ ಮಹನೀಯ: ವಚನ ಪಿತಾಮಹ ಡಾ. ಫ. ಗು. ಹಳಕಟ್ಟಿ



ಆತ್ಮಶೋಧನೆಯ ಗ್ರಂಥಗಳಿಗೆ ನಮ್ಮ ಸಮಾಜದಲ್ಲಿ ಎಂದೂ ಕೊರತೆ ಇರಲಿಲ್ಲ. ಕೊರತೆ ಇದ್ದುದು ಅವುಗಳನ್ನು ಓದುವವರದು. 12ನೆಯ ಶತಮಾನದಲ್ಲಿ ಕಲ್ಯಾಣದ ಶರಣರು ತಮ್ಮ ಒಳಗನ್ನು ತಾವೇ ಪರೀಕ್ಷಿಸಿಕೊಂಡು ನುಡಿದ ಮಾತುಗಳು ತಾಡೋಲೆಗಳ ಮೇಲೇರಿ, ಕಟ್ಟುಗಳಾಗಿ, ಮಠಗಳಲ್ಲಿಯೂ ಭಕ್ತರ ಮನೆಗಳಲ್ಲಿಯೂ ಶತಮಾನಗಳ ಕಾಲ ಉಳಿದುಬಂದವು. ಅವುಗಳನ್ನು ಜಗುಲಿಯ ಮೇಲಿಟ್ಟು, ವಿಭೂತಿ ಧರಿಸಿ, ಪತ್ರೆ ಪುಷ್ಪ ಏರಿಸಿ ಪೂಜಿಸುವ ಮನೆಗಳು ಬಹಳ ಇದ್ದವು. ಕಟ್ಟಿನ ದಾರ ಬಿಚ್ಚಿ ಒಳಗೆ ಏನಿದೆಯೆಂದು ನೋಡುವವರು ಮಾತ್ರ ವಿರಳರಾಗಿದ್ದರು. ಭಕ್ತಿಯಿಂದಲೇ ಗ್ರಂಥವು ಮೌನವಾಗಿತ್ತು ಎಂದರೂ ತಪ್ಪಾಗಲಾರದು. ಆ ದಾರವನ್ನು ಬಿಚ್ಚಿ, ಓದಿ, ಅಚ್ಚು ಹಾಕಿಸಿ, ಕನ್ನಡಿಗರ ಕೈಗಿತ್ತ ಪುಣ್ಯಪುರುಷರಲ್ಲಿ ಅಗ್ರಗಣ್ಯರು ಡಾ. ಫಕೀರಪ್ಪ ಗುರುಬಸಪ್ಪ ಹಳಕಟ್ಟಿಯವರು.

ಹಳಕಟ್ಟಿಯವರು 1880ರ ಜುಲೈ 2ರಂದು ಧಾರವಾಡದಲ್ಲಿ ಜನಿಸಿದರು. ತಂದೆ ಗುರುಬಸಪ್ಪನವರು, ತಾಯಿ ದಾನಾದೇವಿಯವರು. ತಂದೆಯವರು ಶಿಕ್ಷಕರು; ಸ್ವತಃ ಲೇಖಕರು. ಕನ್ನಡ ಶಾಲೆಗಳೂ ಕನ್ನಡ ಪುಸ್ತಕಗಳೂ ಇನ್ನೂ ತಲೆಯೆತ್ತುತ್ತಿದ್ದ ಆ ಕಾಲದಲ್ಲಿ ಬರವಣಿಗೆಯ ವಾತಾವರಣವಿದ್ದ ಮನೆಯಲ್ಲಿ ಬೆಳೆಯುವ ಭಾಗ್ಯ ಬಾಲಕನಿಗೆ ದೊರೆಯಿತು. ಆದರೆ ತಾಯಿಯ ಆಸರೆ ಎಳವೆಯಲ್ಲಿಯೇ ತಪ್ಪಿತು. ಅಜ್ಜಿಯ ಮಡಿಲೇ ತಾಯಿಯ ಮಡಿಲಾಯಿತು. ಧಾರವಾಡದಲ್ಲಿ ಶಾಲಾ ಶಿಕ್ಷಣ ಮುಗಿಸಿ ಅವರು ಉನ್ನತ ವ್ಯಾಸಂಗಕ್ಕಾಗಿ ಮುಂಬಯಿಗೆ ತೆರಳಿದರು. ಅಲ್ಲಿ ಮರಾಠಿ, ಗುಜರಾತಿ ಭಾಷಿಕರು ತಮ್ಮ ಭಾಷೆ, ತಮ್ಮ ಸಂತರು, ತಮ್ಮ ಗ್ರಂಥಗಳ ವಿಷಯದಲ್ಲಿ ತೋರುತ್ತಿದ್ದ ಅಭಿಮಾನವು ತರುಣ ಹಳಕಟ್ಟಿಯವರ ಕಣ್ಣು ತೆರೆಸಿತು. ನಮಗೂ ಇಂತಹ ಸಂಪತ್ತು ಇರಬೇಕಲ್ಲವೇ, ಅದು ಎಲ್ಲಿದೆ ಎಂಬ ಪ್ರಶ್ನೆ ಅವರ ಮನಸ್ಸಿನಲ್ಲಿ ಬೇರೂರಿತು.

1904ರಲ್ಲಿ ಕಾನೂನು ಪದವಿ ಪಡೆದು ಅವರು ವಿಜಾಪುರದಲ್ಲಿ, ಅಂದರೆ ಇಂದಿನ ವಿಜಯಪುರದಲ್ಲಿ, ವಕೀಲಿ ವೃತ್ತಿಯನ್ನು ಕೈಗೊಂಡರು. ಬುದ್ಧಿವಂತಿಕೆ, ಶ್ರಮ, ಪ್ರಾಮಾಣಿಕತೆ ಮೂರೂ ಕೂಡಿದ್ದುದರಿಂದ ಹೆಸರು ಬೇಗನೆ ಬಂದಿತು. ಅದೇ ದಾರಿಯಲ್ಲಿ ನಡೆದಿದ್ದರೆ ಸಿರಿವಂತಿಕೆಯೂ ಬರುತ್ತಿತ್ತು. ಆದರೆ ಆ ಕಾಲದ ವಿಜಾಪುರ ಸೀಮೆ ಬರಗಾಲದಿಂದ ಬಳಲಿದ ಸೀಮೆ. ರೈತರು ಸಾಲದಲ್ಲಿ ಮುಳುಗಿದ್ದರು. ಮಕ್ಕಳಿಗೆ ವಿದ್ಯೆ ದೂರವಾಗಿತ್ತು. ಕಣ್ಣೆದುರಿನ ಈ ಸಂಕಟವನ್ನು ಬದಿಗಿಟ್ಟು ಅಧ್ಯಾತ್ಮದ ಮಾತನಾಡುವುದು ಅವರಿಗೆ ಸಾಧ್ಯವಾಗಲಿಲ್ಲ. 1910ರಲ್ಲಿ ವಿಜಾಪುರದ ಲಿಂಗಾಯತ ಶಿಕ್ಷಣ ಸಂಸ್ಥೆಯ ಸ್ಥಾಪನೆಗೆ ಅವರು ಮುಂದಾದರು. ಇಂದು ಬಿ.ಎಲ್.ಡಿ.ಇ. ಎಂಬ ಹೆಸರಿನಿಂದ ನಾಡಿನಾದ್ಯಂತ ಪರಿಚಿತವಾಗಿರುವ ಸಂಸ್ಥೆ ಅದುವೇ. 1912ರಲ್ಲಿ ಶ್ರೀ ಸಿದ್ಧೇಶ್ವರ ಸಹಕಾರಿ ಬ್ಯಾಂಕು ತಲೆಯೆತ್ತಿತು. ನಗರಸಭೆಯಲ್ಲಿಯೂ ಮುಂಬಯಿಯ ಶಾಸನಸಭೆಯಲ್ಲಿಯೂ ಅವರು ಜನರ ಪರವಾಗಿ ದುಡಿದರು. ಅವರ ಪಾಲಿಗೆ ಸಮಾಜಸೇವೆ ಮತ್ತು ಆತ್ಮಸಾಧನೆ ಒಂದೇ ಎತ್ತಿನಗಾಡಿಯ ಎರಡು ಗಾಲಿಗಳಾಗಿದ್ದವು.

ಈ ಎಲ್ಲ ಕಾರ್ಯಗಳ ನಡುವೆ ಅವರ ಜೀವನದ ಮುಖ್ಯ ಕಾಯಕ ಸದ್ದಿಲ್ಲದೆ ಆರಂಭವಾಗಿತ್ತು. ವಿದ್ಯಾರ್ಥಿದೆಸೆ ಮುಗಿಯುವ ಹೊತ್ತಿಗೆ ಗೋಕಾವಿಯ ಒಂದು ಮನೆಯಲ್ಲಿ ವಚನಗಳ ಹಸ್ತಪ್ರತಿಗಳು ಅವರ ದೃಷ್ಟಿಗೆ ಬಿದ್ದವು. ಓದಿದಾಗ ಅವರಿಗೆ ಬೆರಗಾಯಿತು. ತಾನು ಮುಂಬಯಿಯಲ್ಲಿ ಹುಡುಕುತ್ತಿದ್ದ ಸಂಪತ್ತು ತನ್ನ ನೆರೆಹೊರೆಯ ಊರುಗಳ ಜಗುಲಿಗಳ ಮೇಲೆಯೇ ಇದೆ ಎಂಬ ಅರಿವು ಮೂಡಿತು. ಅಂದಿನಿಂದ ಅವರು ಊರೂರು ಅಲೆದರು. ಕಟ್ಟು ಇರುವ ಮನೆಯ ಸುಳಿವು ಸಿಕ್ಕಿದೊಡನೆ ಅಲ್ಲಿಗೆ ಹೋಗುವರು. ಪೂಜೆಯ ವಸ್ತುವನ್ನು ಅಪರಿಚಿತರ ಕೈಗೆ ಕೊಡಲು ಯಾರಿಗಾದರೂ ಅಂಜಿಕೆ ಇರುವುದು ಸಹಜ. ಅಂಥವರ ವಿಶ್ವಾಸವನ್ನು ಗಳಿಸಿ, ಪ್ರತಿಯನ್ನು ಪಡೆದು, ನಕಲು ಮಾಡಿಕೊಳ್ಳಬೇಕಿತ್ತು.

ತಾಡೋಲೆಯನ್ನು ಓದುವುದು ಅಚ್ಚಿನ ಪುಸ್ತಕವನ್ನು ಓದಿದಂತಲ್ಲ. ಅಲ್ಲಿ ಪದ ಪದಗಳ ನಡುವೆ ತೆರವು ಇರುವುದಿಲ್ಲ, ವಿರಾಮಚಿಹ್ನೆಗಳಿಲ್ಲ. ಹುಳು ತಿಂದ ಕಡೆ ಅಕ್ಷರ ಮಾಯವಾಗಿರುತ್ತದೆ. ಲಿಪಿಕಾರನ ಕೈತಪ್ಪು ಪ್ರತಿಯಿಂದ ಪ್ರತಿಗೆ ಹರಿದುಬಂದಿರುತ್ತದೆ. ಒಂದು ಪ್ರತಿಯನ್ನು ಇನ್ನೊಂದರೊಡನೆ ಹೋಲಿಸಿ, ಕೊನೆಯಲ್ಲಿ ಬರುವ ಅಂಕಿತವನ್ನು ಗುರುತಿಸಿ, ಇದು ಬಸವಣ್ಣನವರದು, ಇದು ಅಲ್ಲಮಪ್ರಭುಗಳದು, ಇದು ಅಕ್ಕಮಹಾದೇವಿಯವರದು ಎಂದು ಬೇರ್ಪಡಿಸಬೇಕು. ಹಗಲು ನ್ಯಾಯಾಲಯದ ಕೆಲಸವಿದ್ದ ವಕೀಲರೊಬ್ಬರು ಇಂತಹ ಕಾರ್ಯವನ್ನು ದಶಕಗಳ ಕಾಲ ನಡೆಸಿದರು ಎಂಬುದನ್ನು ನಾವು ನಿಧಾನವಾಗಿ ಮನಸ್ಸಿಗೆ ತಂದುಕೊಳ್ಳಬೇಕು. ಅವರು ಈ ಕಾರ್ಯಕ್ಕೆ ಕೈಹಚ್ಚುವ ಮುನ್ನ ತಿಳಿದಿದ್ದ ವಚನಕಾರರ ಸಂಖ್ಯೆ ಸುಮಾರು 50. ಅವರ ಶೋಧನೆಯಿಂದ ಅದು 200ನ್ನು ಮೀರಿತು. ಹೆಸರೇ ಮರೆತುಹೋಗಿದ್ದ ಕಾಯಕಜೀವಿಗಳು, ಅದರಲ್ಲೂ ಎಷ್ಟೋ ಮಂದಿ ಶರಣೆಯರು, ಏಳೆಂಟು ನೂರು ವರ್ಷಗಳ ನಂತರ ಮತ್ತೆ ಮಾತನಾಡತೊಡಗಿದರು.

ಸಂಗ್ರಹಿಸಿದ್ದನ್ನು ಅಚ್ಚು ಹಾಕಿಸುವುದು ಇನ್ನೊಂದು ಪರೀಕ್ಷೆಯಾಯಿತು. ಮೊದಲಿಗೆ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯಕ್ಕೆ ಕಳುಹಿಸಿದ ಹಸ್ತಪ್ರತಿ ಅಚ್ಚಾಗದೆ ಹಿಂದಿರುಗಿತು. ಹಳಕಟ್ಟಿಯವರು ಎದೆಗುಂದಲಿಲ್ಲ. 1922ರಲ್ಲಿ ಅವರು ಮಾಡಿದ ವಚನಗಳ ಇಂಗ್ಲಿಷ್ ಅನುವಾದ ಇಂಡಿಯನ್ ಆಂಟಿಕ್ವೆರಿ ಎಂಬ ವಿದ್ವತ್ ಪತ್ರಿಕೆಯಲ್ಲಿ ಪ್ರಕಟವಾಗಿ, ಕನ್ನಡ ಅರಿಯದ ವಿದ್ವಾಂಸರಿಗೂ ಶರಣರ ಪರಿಚಯವಾಯಿತು. 1923ರಲ್ಲಿ ಬೆಳಗಾವಿಯ ಮಹಾವೀರ ಮುದ್ರಣಾಲಯದಲ್ಲಿ ವಚನಶಾಸ್ತ್ರಸಾರದ ಮೊದಲ ಭಾಗ ಅಚ್ಚಾಗಿ ಹೊರಬಂದಿತು. ಅದರಲ್ಲಿ ವಚನಗಳನ್ನು ವಿಷಯಾನುಸಾರವಾಗಿ ಜೋಡಿಸಲಾಗಿತ್ತು. ಒಂದೇ ಪ್ರಶ್ನೆಯನ್ನು ಅರಸರ ಭಂಡಾರಿಯಾಗಿದ್ದ ಶರಣರು ಹೇಗೆ ಕಂಡರು, ದೋಣಿ ನಡೆಸುವ ಶರಣರು ಹೇಗೆ ಕಂಡರು ಎಂಬುದನ್ನು ಓದುಗನು ಒಟ್ಟಿಗೆ ನೋಡಬಹುದಾಗಿತ್ತು. ಬಿಡಿ ಬಿಡಿ ನುಡಿಗಳೆಂದು ತಿಳಿದಿದ್ದ ವಚನಗಳ ಹಿಂದೆ ಒಂದು ಸುಸಂಬದ್ಧವಾದ ಸಾಧನಾಮಾರ್ಗವಿದೆ ಎಂಬುದು ಆಗ ಜನಕ್ಕೆ ಮನವರಿಕೆಯಾಯಿತು.

ಪರರ ಮುದ್ರಣಾಲಯವನ್ನು ನಂಬಿ ಈ ಕಾರ್ಯ ಸಾಗದೆಂದು ಕಂಡ ಹಳಕಟ್ಟಿಯವರು ವಿಜಾಪುರದಲ್ಲಿ ತಮ್ಮದೇ ಆದ ಮುದ್ರಣಾಲಯವನ್ನು ತೆರೆಯಲು ನಿಶ್ಚಯಿಸಿದರು. ಹಣ ಎಲ್ಲಿಂದ ಬರಬೇಕು? ವಾಸದ ಮನೆಯನ್ನು ಮಾರಿದರು. ಆ ಹಣದಿಂದ 1925ರಲ್ಲಿ ಹಿತಚಿಂತಕ ಮುದ್ರಣಾಲಯ ಆರಂಭವಾಯಿತು. ಇಂದು ಈ ಸಂಗತಿಯನ್ನು ನಾವು ವೇದಿಕೆಗಳ ಮೇಲೆ ಒಂದೇ ವಾಕ್ಯದಲ್ಲಿ ಹೇಳಿ ಮುಂದೆ ಸಾಗುತ್ತೇವೆ. ಆದರೆ ಮನೆ ಮಾರುವುದೆಂದರೆ ಒಂದು ವಾಕ್ಯದ ಮಾತಲ್ಲ. ಹೆಂಡತಿ ಮಕ್ಕಳುಳ್ಳ ಗೃಹಸ್ಥರು ಅವರು. ಬಾಡಿಗೆಯ ಮನೆಯ ಕಷ್ಟ ಅವರೊಬ್ಬರದೇ ಆಗಿರಲಿಲ್ಲ, ಇಡೀ ಕುಟುಂಬದ್ದಾಗಿತ್ತು. ವಚನಗಳಿಗೆ ನೆಲೆ ಕಲ್ಪಿಸಲು ಒಂದು ಸಂಸಾರವು ತನ್ನ ನೆಲೆಯನ್ನು ಬಿಟ್ಟುಕೊಟ್ಟಿತು. ಹಳಕಟ್ಟಿಯವರನ್ನು ನೆನೆಯುವಾಗ ಆ ಮನೆಯ ತಾಯಂದಿರನ್ನೂ ಮಕ್ಕಳನ್ನೂ ನೆನೆಯುವುದು ನಮ್ಮ ಧರ್ಮ.

1926ರಲ್ಲಿ ಶಿವಾನುಭವ ಪತ್ರಿಕೆ ಆರಂಭವಾಯಿತು. ಮರುವರ್ಷ ನವಕರ್ನಾಟಕ ವಾರಪತ್ರಿಕೆ ಹೊರಟಿತು. ಒಂದು ಅಂತರಂಗದ ವಿಚಾರಕ್ಕೆ, ಇನ್ನೊಂದು ನಾಡಿನ ವಿಚಾರಕ್ಕೆ. ಶಿವಾನುಭವದ ಸಂಚಿಕೆಗಳಲ್ಲಿ ಅಪ್ರಕಟಿತ ವಚನಗಳೂ ಶಾಸ್ತ್ರಗ್ರಂಥಗಳೂ ಒಂದೊಂದಾಗಿ ಬೆಳಕು ಕಂಡವು. ಚಂದಾದಾರರು ಕಡಿಮೆ, ಖರ್ಚು ಹೆಚ್ಚು ಎಂಬ ಸ್ಥಿತಿಯಲ್ಲಿಯೂ ಅವರು ಆ ಪತ್ರಿಕೆಯನ್ನು ಕೈಬಿಡದೆ ದೀರ್ಘಕಾಲ ನಡೆಸಿದರು. 1926ರಲ್ಲಿಯೇ ಬಳ್ಳಾರಿಯಲ್ಲಿ ನಡೆದ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷ ಪೀಠ ಅವರಿಗೆ ದೊರೆಯಿತು. ಗೌರವದ ಗದ್ದುಗೆಯಿಂದ ಇಳಿದು ಊರಿಗೆ ಮರಳಿದ ಮೇಲೆ ಅವರನ್ನು ಕಾದಿದ್ದುದು ಮತ್ತೆ ಅದೇ ಅಚ್ಚಿನ ಮೊಳೆಗಳು, ಅದೇ ಕರಡು ತಿದ್ದುವ ಕೆಲಸ, ಅದೇ ಕಾಗದದ ಲೆಕ್ಕ.

1930ರಲ್ಲಿ ಅವರು ಗೂಳೂರು ಸಿದ್ಧವೀರಣ್ಣೊಡೆಯರ ಶೂನ್ಯಸಂಪಾದನೆಯನ್ನು ಪ್ರಕಟಿಸಿದರು. ಆತ್ಮಶೋಧನೆಯ ಗ್ರಂಥವೆಂದರೆ ಏನೆಂದು ತಿಳಿಯಬಯಸುವವರು ಇದನ್ನು ಓದಬೇಕು. ಅಣ್ಣ ಅಜಗಣ್ಣನನ್ನು ಕಳೆದುಕೊಂಡು ಶೋಕದಲ್ಲಿ ಮುಳುಗಿದ ಮುಕ್ತಾಯಕ್ಕನನ್ನು ಅಲ್ಲಮಪ್ರಭುಗಳು ಅಲ್ಲಿ ಸಂಧಿಸುತ್ತಾರೆ. ಆ ಶೋಕದ ಬೇರನ್ನೇ ವಿಚಾರಿಸುತ್ತಾರೆ. ಸೊನ್ನಲಿಗೆಯಲ್ಲಿ ಕೆರೆ ಕಟ್ಟಿಸುತ್ತಿದ್ದ ಸಿದ್ಧರಾಮರ ದೃಷ್ಟಿಯನ್ನು ಹೊರಗಿನ ನಿರ್ಮಾಣದಿಂದ ಒಳಗಿನ ನಿರ್ಮಾಣದ ಕಡೆಗೆ ತಿರುಗಿಸುತ್ತಾರೆ. ಅನುಭವ ಮಂಟಪಕ್ಕೆ ಬಂದ ಅಕ್ಕನನ್ನು ಕಠಿಣವಾಗಿ ಪ್ರಶ್ನಿಸುತ್ತಾರೆ. ಅಕ್ಕ ಅಷ್ಟೇ ಧೈರ್ಯದಿಂದ ಉತ್ತರಿಸುತ್ತಾಳೆ. ಇವೆಲ್ಲವೂ ಪುಟ್ಟ ಪುಟ್ಟ ಕಥೆಗಳಂತೆಯೇ ಸಾಗುತ್ತವೆ. ಆದರೆ ಕಥೆ ಮುಗಿದಾಗ ಪ್ರಶ್ನೆ ಓದುಗನ ಕಡೆಗೆ ತಿರುಗಿರುತ್ತದೆ.

ಪಂಡಿತರು ಮಾತ್ರವಲ್ಲದೆ ಸಾಮಾನ್ಯ ಭಕ್ತರೂ ಓದಲೆಂದು ಹಳಕಟ್ಟಿಯವರು ಶರಣ ಶರಣೆಯರ ಚರಿತ್ರೆಗಳನ್ನು ಸರಳವಾದ ಗದ್ಯದಲ್ಲಿ ಬರೆದರು. ಹರಿಹರ ಕವಿಯ ರಗಳೆಗಳನ್ನು ಬೆಳಕಿಗೆ ತಂದರು. ಶರಣರ ಚರಿತ್ರೆಗಳಲ್ಲಿ ಆಯ್ದಕ್ಕಿ ಮಾರಯ್ಯ ಮತ್ತು ಲಕ್ಕಮ್ಮ ದಂಪತಿಗಳ ಕಥೆ ನಮಗೆಲ್ಲ ಪರಿಚಿತವಾದುದು. ಒಂದು ದಿನ ಮಾರಯ್ಯ ಎಂದಿಗಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ, ಅಂದಿನ ಅಗತ್ಯಕ್ಕಿಂತ ಮಿಗಿಲಾದುದು ನಮಗೆ ಬೇಡವೆಂದು ಲಕ್ಕಮ್ಮ ಅದನ್ನು ಹಿಂದಿರುಗಿಸಲು ಕಳುಹಿಸುತ್ತಾಳೆ. ಇಂತಹ ಕಥೆಯನ್ನು ಸ್ವಾರಸ್ಯವಾಗಿ ಹೇಳಬಲ್ಲವರು ಅನೇಕರಿದ್ದಾರೆ. ಅದರಂತೆ ಬದುಕುವುದು ಕಷ್ಟ. ಹಳಕಟ್ಟಿಯವರು ಸ್ಥಾಪಿಸಿದ ಬ್ಯಾಂಕು ಬೆಳೆಯಿತು, ಶಿಕ್ಷಣ ಸಂಸ್ಥೆ ಬೆಳೆಯಿತು. ಅವರ ಸ್ವಂತ ಸಂಪತ್ತು ಬೆಳೆಯಲಿಲ್ಲ. ತಾವು ಅಚ್ಚು ಹಾಕಿದ ಪುಟಗಳಿಗೆ ಅವರ ಬದುಕು ಸಾಕ್ಷಿಯಾಗಿ ನಿಂತಿತು. ದುಡಿದದ್ದನ್ನು ದಾಸೋಹಕ್ಕೆ ಸಲ್ಲಿಸುವುದೆಂದರೆ ಇದೇ ಅಲ್ಲವೇ?

ಕರ್ನಾಟಕದ ಏಕೀಕರಣಕ್ಕಾಗಿಯೂ ಅವರು ದುಡಿದವರು. 1956ರಲ್ಲಿ ಕನ್ನಡ ನಾಡು ಒಂದಾದುದನ್ನು ಕಣ್ಣಾರೆ ಕಂಡರು. ಕರ್ನಾಟಕ ವಿಶ್ವವಿದ್ಯಾಲಯವು ಅವರಿಗೆ ಗೌರವ ಡಾಕ್ಟರೇಟ್ ಪದವಿಯನ್ನು ನೀಡಿತು. 1964ರ ಜೂನ್ ತಿಂಗಳ ಕೊನೆಯಲ್ಲಿ, 84 ವರ್ಷಗಳು ತುಂಬಲು ಕೆಲವೇ ದಿನಗಳಿದ್ದಾಗ, ಅವರು ಲಿಂಗೈಕ್ಯರಾದರು. ಅವರ ಹೆಸರಿನ ಸಂಶೋಧನ ಕೇಂದ್ರವೂ ತಾಂತ್ರಿಕ ಮಹಾವಿದ್ಯಾಲಯವೂ ಇಂದು ವಿಜಯಪುರದಲ್ಲಿವೆ. ಅವರ ಜನ್ಮದಿನವಾದ ಜುಲೈ 2ನ್ನು ವಚನ ಸಾಹಿತ್ಯ ಸಂರಕ್ಷಣಾ ದಿನವೆಂದು ಆಚರಿಸಲಾಗುತ್ತಿದೆ.

ಇಲ್ಲಿ ಒಂದು ಮಾತನ್ನು ಸಂಕೋಚದಿಂದಲೇ ನಿವೇದಿಸಬೇಕಾಗಿದೆ. ಕಳೆದ ಶ್ರಾವಣದಲ್ಲಿ ನಮ್ಮ ಮಠದ ಗ್ರಂಥಭಂಡಾರವನ್ನು ಸ್ವಚ್ಛಗೊಳಿಸುತ್ತಿದ್ದಾಗ ಗಾಜಿನ ಕಪಾಟಿನೊಳಗೆ ಹಳೆಯ ವಚನಗ್ರಂಥವೊಂದು ಕೈಗೆ ಬಂದಿತು. ರಟ್ಟಿನ ಮೇಲೆ ವಿಭೂತಿಯ ಗುರುತಿತ್ತು. ಯಾರೋ ಭಕ್ತರು ಪೂಜಿಸಿ ಅರ್ಪಿಸಿದ್ದಿರಬೇಕು. ತೆರೆದು ನೋಡಿದರೆ, ಅಚ್ಚಿನಮನೆಯಿಂದ ಬಂದಾಗ ಹೇಗಿದ್ದವೋ ಹಾಗೆಯೇ, ಅನೇಕ ಹಾಳೆಗಳ ಮಡಿಕೆಯ ಅಂಚನ್ನು ಯಾರೂ ಕತ್ತರಿಸಿರಲಿಲ್ಲ. ದಶಕಗಳಿಂದ ಅದನ್ನು ಒಬ್ಬರೂ ಪೂರ್ತಿ ಓದಿರಲಿಲ್ಲ. ಅನೇಕ ವರ್ಷಗಳಿಂದ ಈ ಮಠದ ಕಾರ್ಯದರ್ಶಿಯಾಗಿರುವ ನಾನೂ ಓದದವರಲ್ಲಿ ಒಬ್ಬನಾಗಿದ್ದೆ. ತಾಡೋಲೆಯ ಕಟ್ಟು ಪೂಜೆಗೊಳ್ಳುತ್ತ ಮೌನವಾಗಿದ್ದ ಕಾಲ ಮುಗಿದಿದೆ ಎಂದು ಭಾವಿಸಿದ್ದ ನನಗೆ, ಅದು ಗಾಜಿನ ಕಪಾಟಿನಲ್ಲಿ ಮುಂದುವರಿದಿದೆಯೆಂದು ಅಂದು ತಿಳಿಯಿತು. ಅಂದು ಸಂಜೆ ಕುಳಿತು ಒಂದೊಂದೇ ಹಾಳೆಯ ಅಂಚನ್ನು ಬಿಡಿಸಿದೆ. ಅಂದಿನಿಂದ ಪ್ರತಿದಿನ ಒಂದು ಪುಟವನ್ನು ಓದುವ ನಿಯಮ ಮಾಡಿಕೊಂಡಿದ್ದೇನೆ.

ಹಳಕಟ್ಟಿಯವರ ಭಾವಚಿತ್ರಕ್ಕೆ ಮಾಲೆ ಹಾಕುವುದು ಸುಲಭ. ಹಾಕೋಣ, ಅದು ನಮ್ಮ ಕರ್ತವ್ಯವೂ ಹೌದು. ಆದರೆ ಆ ಮಹನೀಯರು ಮನೆ ಮಾರಿದ್ದು ಮಾಲೆಗಾಗಿ ಅಲ್ಲ. ನಾವು ಓದಲೆಂದು, ಓದಿ ನಮ್ಮ ಒಳಗನ್ನು ನೋಡಿಕೊಳ್ಳಲೆಂದು. ಪ್ರತಿ ಮನೆಯಲ್ಲಿ ಸಂಜೆಯ ಪೂಜೆಯಾದ ಮೇಲೆ ಒಬ್ಬರು ಒಂದು ವಚನವನ್ನೋ ಒಬ್ಬ ಶರಣರ ಕಥೆಯನ್ನೋ ಓದಲಿ, ಉಳಿದವರು ಕೇಳಲಿ. ಮಕ್ಕಳು ಪ್ರಶ್ನೆ ಕೇಳಿದರೆ ಗದರಿಸದೆ ಒಟ್ಟಿಗೆ ವಿಚಾರ ಮಾಡೋಣ. ಅನುಭವ ಮಂಟಪದಲ್ಲಿಯೂ ನಡೆದುದು ಪ್ರಶ್ನೆ ಮತ್ತು ವಿಚಾರವೇ. ವಚನ ಪಿತಾಮಹರಿಗೆ ನಾವು ಸಲ್ಲಿಸಬಹುದಾದ ನಿಜವಾದ ಗುರುಕಾಣಿಕೆ ಅದು.