ಡಿಸ್ಚಾರ್ಜ್ ಸಮ್ಮರಿಯಲ್ಲಿರುವ 'ಎಸ್37' ಗುಟ್ಟಿನ ನಂಬರಾ? ಇದರ ಹಿಂದಿರುವುದು ಪ್ಯಾರಿಸ್‌ನ ಒಬ್ಬ ಡಾಕ್ಟರ್

ಕೊಡಗಿನ ಕಾಫಿ ತೋಟಗಳಲ್ಲಿ ಕಾಳುಮೆಣಸಿನ ಬಳ್ಳಿ ಹಬ್ಬುವುದು ಸಿಲ್ವರ್ ಓಕ್‌ನಂಥ ಎತ್ತರದ ಮರಗಳಿಗೆ. ಕೊಯ್ಲಿಗೆಂದು ಏಣಿ ಹಾಕಿ ಹತ್ತಿದವರು ಜಾರಿ ಬಿದ್ದರೆ ಕೈಕಾಲು ಮಾತ್ರ ಮುರಿಯುತ್ತದೆ ಅಂತೇನಿಲ್ಲ. ಸೊಂಟದ ಎಲುಬಿನ ಗೂಡು ಮುರಿದು, ಅದರೊಳಗಿರುವ ಮೂತ್ರಕೋಶವೂ ಹರಿಯಬಹುದು. ಬಿದ್ದಾಗ ಅದು ತುಂಬಿದ್ದರೆ ಹರಿಯುವ ಅಪಾಯ ಇನ್ನೂ ಹೆಚ್ಚು. ಇಂಥ ರೋಗಿ ಮೈಸೂರಿಗೋ ಮಂಗಳೂರಿಗೋ ಹೋಗಿ ಚಿಕಿತ್ಸೆ ಪಡೆದು ಮನೆಗೆ ಬಂದಾಗ, ಕೈಯಲ್ಲಿರುವ ಕಾಗದದಲ್ಲಿ ಎಸ್37.2, ಎಸ್32, ಡಬ್ಲ್ಯು14 ಎಂಬ ಅಕ್ಷರ-ಅಂಕಿಗಳು ಕಾಣಬಹುದು. ಪೊಲೀಸ್ ಕೇಸಿನ ನಂಬರಾ, ಬಿಲ್ ಏರಿಸುವ ತಂತ್ರವಾ ಎಂದು ಮನೆಯವರಿಗೆ ಅನುಮಾನ ಬಂದರೆ ಆಶ್ಚರ್ಯವಿಲ್ಲ.

ಎರಡೂ ಅಲ್ಲ. ಪೊಲೀಸರಿಗೆ ತಿಳಿಸುವ ಎಂಎಲ್‌ಸಿ ನಂಬರೇ ಬೇರೆ. ಇದು ಐಸಿಡಿ, ಅಂದರೆ ಕಾಯಿಲೆ ಮತ್ತು ಗಾಯಗಳ ಅಂತರರಾಷ್ಟ್ರೀಯ ಪಟ್ಟಿಯ ಕೋಡ್. ಆ ಪಟ್ಟಿಗೆ ಮೊದಲ ರೂಪ ಕೊಟ್ಟವರು ಜಾಕ್ ಬರ್ಟಿಯೋನ್.

ಬರ್ಟಿಯೋನ್ ಹುಟ್ಟಿದ್ದು 1851ರಲ್ಲಿ, ಪ್ಯಾರಿಸ್‌ನಲ್ಲಿ. ಮನೆ ತುಂಬ ಎಣಿಕೆಯವರೇ. ತಾಯಿಯ ತಂದೆ ಅಶೀಲ್ ಗಿಯಾರ್ 1855ರಲ್ಲಿ 'ಡೆಮಾಗ್ರಫಿ' ಎಂಬ ಪದವನ್ನೇ ಹುಟ್ಟುಹಾಕಿದವರು. ತಂದೆ ಲೂಯಿ ಅಡೋಲ್ಫ್ ವೈದ್ಯರು, ಪ್ಯಾರಿಸ್ ನಗರದ ಅಂಕಿಅಂಶ ಕಚೇರಿಯ ಮುಖ್ಯಸ್ಥರು. ಹೆಚ್ಚು ಹೆಸರು ಮಾಡಿದ್ದು ತಮ್ಮ ಅಲ್ಫಾನ್ಸ್. ಮೈಕೈ ಅಳತೆ ತೆಗೆದು ಅಪರಾಧಿಗಳನ್ನು ಗುರುತಿಸುವ ಪದ್ಧತಿ ಅವರದು. ಭಾರತದ ಪೊಲೀಸರೂ ಅದನ್ನು ಬಳಸಿದ್ದರು, 1897ರಲ್ಲಿ ಕಲ್ಕತ್ತದಲ್ಲಿ ಬೆರಳಚ್ಚು ಕಚೇರಿ ಶುರುವಾದ ಮೇಲೆ ಅದು ಮೂಲೆ ಸೇರಿತು. ತಮ್ಮನ ಅಳತೆಪಟ್ಟಿ ಇತಿಹಾಸವಾಯಿತು, ಅಣ್ಣನ ಪಟ್ಟಿ ಇವತ್ತಿಗೂ ನಮ್ಮ ಫೈಲಿನಲ್ಲಿದೆ!

ಜಾಕ್ ಕೂಡ ವೈದ್ಯಕೀಯ ಓದಿದರು. 1883ರಲ್ಲಿ ತಂದೆ ತೀರಿಕೊಂಡಾಗ ಅವರ ಕುರ್ಚಿಯಲ್ಲೇ ಕುಳಿತರು. ಆಗ ಇದ್ದ ತಲೆನೋವು ಏನೆಂದರೆ, ಒಂದೇ ಕಾಯಿಲೆಗೆ ಒಂದೊಂದು ದೇಶದಲ್ಲಿ ಒಂದೊಂದು ಹೆಸರು. ಹೀಗಿದ್ದರೆ ಲಂಡನ್ನಿನ ಸಾವುಗಳನ್ನು ಪ್ಯಾರಿಸ್‌ನ ಸಾವುಗಳ ಜೊತೆ ಹೋಲಿಸುವುದು ಹೇಗೆ? ಇದಕ್ಕೊಂದು ಪಟ್ಟಿ ಮಾಡಿಕೊಡಿ ಎಂದು 1853ರಲ್ಲೇ ಇಂಗ್ಲೆಂಡಿನ ವಿಲಿಯಂ ಫಾರ್ ಮತ್ತು ಜಿನೀವಾದ ಮಾರ್ಕ್ ದೆಸ್ಪಿನ್ ಅವರನ್ನು ಕೇಳಲಾಗಿತ್ತು. ಇಬ್ಬರೂ ಬೇರೆ ಬೇರೆ ಪಟ್ಟಿ ತಂದರು. ಫಾರ್ ಅವರದು ಮುಖ್ಯವಾಗಿ ದೇಹದ ಯಾವ ಭಾಗ ಎಂಬುದರ ಮೇಲೆ ನಿಂತಿತ್ತು, ದೆಸ್ಪಿನ್ ಅವರದು ಕಾಯಿಲೆಯ ಸ್ವಭಾವದ ಮೇಲೆ. ಎರಡನ್ನೂ ಬೆರೆಸಿ 139 ಹೆಸರುಗಳ ರಾಜಿ ಪಟ್ಟಿಯೇನೋ ಆಯಿತು, ಎಲ್ಲ ದೇಶಗಳೂ ಒಪ್ಪಲಿಲ್ಲ.

1891ರಲ್ಲಿ ವಿಯೆನ್ನಾದಲ್ಲಿ ಸೇರಿದ್ದ ಅಂತರರಾಷ್ಟ್ರೀಯ ಅಂಕಿಅಂಶ ಸಂಸ್ಥೆ ಈ ಕೆಲಸವನ್ನು ಬರ್ಟಿಯೋನ್ ನೇತೃತ್ವದ ಸಮಿತಿಗೆ ಒಪ್ಪಿಸಿತು. ಎರಡು ವರ್ಷದ ನಂತರ ಶಿಕಾಗೋದಲ್ಲಿ ಅವರ ಪಟ್ಟಿ ಅಂಗೀಕಾರವಾಯಿತು. ಅವರ ಜಾಣತನ ಇದ್ದದ್ದು ಇಲ್ಲಿ: ಒಂದಲ್ಲ, ಮೂರು ಅಳತೆಯ ಪಟ್ಟಿ ಕೊಟ್ಟರು. 44 ಹೆಸರುಗಳದ್ದು, 99ರದ್ದು, 161ರದ್ದು. ಸಿಬ್ಬಂದಿ ಕಡಿಮೆ ಇದ್ದವರು ಚಿಕ್ಕದನ್ನು ಬಳಸಲಿ, ಆದರೂ ಲೆಕ್ಕ ಒಂದಕ್ಕೊಂದು ಹೊಂದಬೇಕು. ವಿಂಗಡಣೆಗೆ ಫಾರ್ ಅವರ ದಾರಿಯನ್ನೇ ಹಿಡಿದರು, ಇಡೀ ಮೈಗೆ ಬರುವ ಕಾಯಿಲೆ ಬೇರೆ, ಒಂದು ಅಂಗಕ್ಕೆ ಬರುವುದು ಬೇರೆ. 1900ರ ಆಗಸ್ಟ್‌ನಲ್ಲಿ ಪ್ಯಾರಿಸ್‌ನಲ್ಲಿ 26 ದೇಶಗಳು ಸೇರಿ 179 ಗುಂಪುಗಳ ಪರಿಷ್ಕೃತ ಪಟ್ಟಿಯನ್ನು ಒಪ್ಪಿದವು. ಹತ್ತು ವರ್ಷಕ್ಕೊಮ್ಮೆ ತಿದ್ದಬೇಕೆಂದೂ ತೀರ್ಮಾನವಾಯಿತು.

ಅವರ ಎಲ್ಲ ಕೆಲಸವನ್ನೂ ಮೆಚ್ಚಲೇಬೇಕೆಂದಿಲ್ಲ. ಫ್ರಾನ್ಸಿನಲ್ಲಿ ಮಕ್ಕಳು ಕಡಿಮೆ ಹುಟ್ಟುತ್ತಿದ್ದಾರೆ, ಜರ್ಮನಿ ಮುಂದೆ ಹೋಗುತ್ತಿದೆ ಎಂಬ ಚಿಂತೆ ಅವರಿಗೆ ಹತ್ತಿಕೊಂಡಿತ್ತು. ಜನಸಂಖ್ಯೆ ಹೆಚ್ಚಿಸಲೆಂದೇ 1896ರಲ್ಲಿ ಒಂದು ಸಂಘ ಕಟ್ಟಿದರು. ತಾಯಂದಿರು ಅಂದರೆ ದೇಶದ ಲೆಕ್ಕಕ್ಕೆ ಮಕ್ಕಳನ್ನು ಕೊಡುವವರು ಎಂಬ ಈ ನೋಟ ಇವತ್ತಿಗೆ ಕಿರಿಕಿರಿ ಮಾಡುತ್ತದೆ. ವಿಚಿತ್ರವೆಂದರೆ ಅವರ ಹೆಂಡತಿ ಕ್ಯಾರೊಲಿನ್ ಶುಲ್ಟ್ಸ್ ಸ್ವತಃ ಡಾಕ್ಟರ್, 1888ರಲ್ಲಿ ಪ್ರಬಂಧ ಬರೆದಿದ್ದೂ ಮಹಿಳಾ ವೈದ್ಯರ ಬಗ್ಗೆಯೇ.

1922ರಲ್ಲಿ ಬರ್ಟಿಯೋನ್ ತೀರಿಕೊಂಡರು. ಅಷ್ಟರಲ್ಲಿ ಪಟ್ಟಿ ಮೂರು ಸಲ ಪರಿಷ್ಕರಣೆ ಕಂಡಿತ್ತು. ಆದರೆ ಅದು ಮುಖ್ಯವಾಗಿ ಸಾವಿನ ಪಟ್ಟಿ. ಮರದಿಂದ ಬಿದ್ದು, ಮೂತ್ರಕೋಶ ಹರಿದು, ಬದುಕಿ ಉಳಿದವರಿಗೆ ಅದರಲ್ಲಿ ಹೆಚ್ಚಿನ ಜಾಗ ಇರಲಿಲ್ಲ. ಆ ಕೊರತೆ ತುಂಬಿದ್ದು 1948ರ ಆರನೇ ಪರಿಷ್ಕರಣೆ. ಹೊಸದಾಗಿ ಹುಟ್ಟಿದ್ದ ವಿಶ್ವ ಆರೋಗ್ಯ ಸಂಸ್ಥೆ ಆಗ ಪಟ್ಟಿಯ ಹೊಣೆ ಹೊತ್ತಿತು. ಕಾಯಿಲೆಗಳು ಸೇರಿದವು, ಗಾಯಕ್ಕೆ ಎರಡು ಕೋಡ್ ಬಂದವು. ಮೈಯಲ್ಲಿ ಏನಾಯಿತು ಎಂಬುದಕ್ಕೆ ಒಂದು, ಅದು ಹೇಗಾಯಿತು ಎಂಬುದಕ್ಕೆ ಇನ್ನೊಂದು.

ಈಗ ಆ ಕಾಗದ ಓದಿ. ಹತ್ತನೇ ಪರಿಷ್ಕರಣೆಯಲ್ಲಿ ಎಸ್37 ಎಂದರೆ ಮೂತ್ರಾಂಗ ಮತ್ತು ಕಿಬ್ಬೊಟ್ಟೆಯ ಅಂಗಗಳ ಗಾಯ. ಚುಕ್ಕಿಯ ನಂತರದ ಅಂಕಿ ಯಾವ ಅಂಗ ಎಂದು ಹೇಳುತ್ತದೆ. 0 ಕಿಡ್ನಿ, 2 ಮೂತ್ರಕೋಶ, 3 ಮೂತ್ರ ಹೊರಬರುವ ನಾಳ, 4 ಅಂಡಾಶಯ, 6 ಗರ್ಭಕೋಶ. ಎಸ್32 ಕೆಳಬೆನ್ನು ಅಥವಾ ಸೊಂಟದ ಎಲುಬಿನ ಮುರಿತ. ಹೆರಿಗೆ ವೇಳೆ ಅದೇ ಮೂತ್ರಕೋಶಕ್ಕೆ ಗಾಯವಾದರೆ ಎಸ್ ಬರುವುದಿಲ್ಲ, ಒ71 ಬರುತ್ತದೆ. ಈ ಅಂಗಗಳ ಹೆಸರನ್ನು ಮನೆಯಲ್ಲಿ ಬಾಯಿಬಿಟ್ಟು ಹೇಳಲು ನಾಚುವವರೇ ಹೆಚ್ಚು. ಕೋಡ್‌ಗೆ ಆ ನಾಚಿಕೆ ಇಲ್ಲ.

ಡಬ್ಲ್ಯು14 ಎಂದರೆ ಮರದಿಂದ ಬಿದ್ದದ್ದು, ಡಬ್ಲ್ಯು11 ಏಣಿಯಿಂದ ಬಿದ್ದದ್ದು. ಕಾಡಾನೆ ತುಳಿದರೆ ಡಬ್ಲ್ಯು55, ನಾಯಿ-ಇಲಿ ಬಿಟ್ಟು ಬೇರೆ ಸಸ್ತನಿಗಳಿಂದಾದ ಗಾಯ. ಈ ಎರಡನೇ ಕೋಡ್ ಬರೆಯದೇ ಬಿಟ್ಟರೆ ಆಸ್ಪತ್ರೆಯ ಲೆಕ್ಕದಲ್ಲಿ ಒಂದು ಹರಿದ ಮೂತ್ರಕೋಶ ಮಾತ್ರ ಉಳಿಯುತ್ತದೆ. ಏಣಿ ಕಾಣುವುದಿಲ್ಲ, ಆನೆಯೂ ಕಾಣುವುದಿಲ್ಲ. ಕೊಡಗಿನ ಮಟ್ಟಿಗೆ ಇದು ಸಣ್ಣ ವಿಷಯವಲ್ಲ, ಮೆಣಸು ಕೊಯ್ಯುವವರಿಗೆ ಸೊಂಟಕ್ಕೆ ಕಟ್ಟುವ ಬೆಲ್ಟ್ ಬೇಕೋ ಬೇಡವೋ ಎಂದು ವಾದಿಸಲು ಕೈಯಲ್ಲಿ ಅಂಕಿ ಇರಬೇಕಲ್ಲ. ಹಾಗಾಗಿ ಹೇಗೆ ಬಿದ್ದಿರಿ, ಎಲ್ಲಿಂದ ಬಿದ್ದಿರಿ ಎಂದು ಡಾಕ್ಟರ್ ಕೇಳಿದರೆ ಪೂರ್ತಿ ಹೇಳಿ. ಕಾಗದದಲ್ಲಿ ಕೋಡ್ ಮಾತ್ರ ಇದ್ದರೆ ಪಕ್ಕದಲ್ಲಿ ಅರ್ಥ ಬರೆದುಕೊಡಲು ಕೇಳಿ.

ಇನ್ನೊಂದು, ಬಿದ್ದವರಿಗೆ ಸೊಂಟ ನೋಯುತ್ತಿದ್ದರೆ ಎಬ್ಬಿಸಿ ನಡೆಸಬೇಡಿ. ಮೂತ್ರದಲ್ಲಿ ರಕ್ತ ಕಂಡರೆ, ಮೂತ್ರ ಬರುವಂತಾಗಿಯೂ ಬಾರದಿದ್ದರೆ, ನಾಳೆ ನೋಡೋಣ ಎನ್ನದೆ ಮಲಗಿಸಿಕೊಂಡೇ ಆಸ್ಪತ್ರೆಗೆ ಕರೆದೊಯ್ಯಿರಿ.