ಬೆಳ್ಳಾವೆ ನರಹರಿ ಶಾಸ್ತ್ರಿಗಳು

ಕನ್ನಡದ ಪ್ರಥಮ ವಾಕ್ಚಿತ್ರವಾದ ‘ಸತಿ ಸುಲೋಚನಾ’ದ ಮಾತು ಬಂದಾಗಲೆಲ್ಲ ಜನರು ಎಂ. ವಿ. ಸುಬ್ಬಯ್ಯನಾಯಿಡುಗಳನ್ನೂ ಆರ್. ನಾಗೇಂದ್ರರಾಯರನ್ನೂ ನೆನೆಯುತ್ತಾರೆ. ಅದು ನ್ಯಾಯವೇ. ಆದರೆ ಆ ಚಿತ್ರಕ್ಕೆ ಕಥೆಯನ್ನು ಹೊಂದಿಸಿ ಸಂಭಾಷಣೆಯನ್ನೂ ಹಾಡುಗಳನ್ನೂ ಬರೆದುಕೊಟ್ಟ ಕವಿಗಳು ನಮ್ಮ ತುಮಕೂರು ಸೀಮೆಯವರೆಂಬುದು ಬೋರನಕಣಿವೆಯ ಸುತ್ತಣ ತೆಂಗಿನ ನಾಡಿನಲ್ಲಿಯಾದರೂ ಎಷ್ಟು ಮಂದಿಗೆ ತಿಳಿದಿದೆ?

ಶಾಸ್ತ್ರಿಗಳು 1882ರಲ್ಲಿ ಜನಿಸಿದರು. ತುಮಕೂರಿಗೆ ಸಮೀಪದ ಬೆಳ್ಳಾವೆಯು ಅವರ ಹೆಸರಿನೊಡನೆಯೇ ನಿಂತ ಊರು. ಎರಡು ವರ್ಷಗಳ ತರುವಾಯ, 1884ರಲ್ಲಿ, ನೆರೆಯ ಗುಬ್ಬಿಯಲ್ಲಿ ನಾಟಕ ಕಂಪೆನಿಯು ಹುಟ್ಟಿತು. ಮುಂದೆ ವೀರಣ್ಣನವರ ಕಾಲದಲ್ಲಿ ಆ ಕಂಪೆನಿಯು ಆಡಿದ ಶಾಸ್ತ್ರಿಗಳ ‘ಕೃಷ್ಣಲೀಲಾ’ ನಾಟಕವು ಅಪಾರವಾದ ಜನಾದರವನ್ನು ಪಡೆಯಿತು. ಕಂಪೆನಿಯ ಕವಿಯ ಉದ್ಯೋಗ ಸುಲಭವಾದುದಲ್ಲ. ನಟನ ಕಂಠವನ್ನು ಅರಿತು ಪದ ಕಟ್ಟಬೇಕು. ಹಿಂದೆ ಸೀನು ಬದಲಾಗುವವರೆಗೆ ಮುಂದಿನ ಪರದೆಯೆದುರು ಹಾಸ್ಯವನ್ನು ಒದಗಿಸಬೇಕು. ಚಾಪೆಯ ಮೇಲಣ ರೈತನಿಗೂ ಕುರ್ಚಿಯ ಮೇಲಣ ಅಮಲ್ದಾರರಿಗೂ ಒಂದೇ ಮಾತು ರುಚಿಸಬೇಕು. ಇಂತಹ ಬರೆಹವನ್ನು ಸಾಹಿತ್ಯವೆಂದು ಗಣಿಸಲು ನಮ್ಮ ವಿದ್ವಾಂಸರಲ್ಲಿ ಅನೇಕರು ಹಿಂದೆಗೆದರು. ನಾವು ಅದನ್ನು ಒಪ್ಪಲಾರೆವು. ಅಕ್ಷರವಿಲ್ಲದ ಜನಕ್ಕೆ ಒಳ್ಳೆಯ ಕನ್ನಡವನ್ನು ಕೇಳಿಸಿದವರು ಈ ಕವಿಗಳೇ.

ಬೆಂಗಳೂರಿನಲ್ಲಿ ನೆಲೆಸಿದ್ದ ಮಾರವಾಡಿ ವರ್ತಕರಾದ ಚಮನ್‌ಲಾಲ್ ಡುಂಗಾಜಿಯವರು ಸೌತ್ ಇಂಡಿಯಾ ಮೂವಿಟೋನ್ ಸಂಸ್ಥೆಯ ಮೂಲಕ ಬಂಡವಾಳ ಹೂಡಿದಾಗ, ಮಾತಿನ ಚಿತ್ರವನ್ನು ತೆಗೆಯಲು ಎಲ್ಲರೂ ಕೊಲ್ಲಾಪುರದ ಸ್ಟುಡಿಯೋವಿಗೆ ತೆರಳಬೇಕಾಯಿತು. ಕನ್ನಡದ ಮೊದಲ ಟಾಕಿಗೆ ಕನ್ನಡ ನೆಲದ ಹಣವೂ ಯಂತ್ರವೂ ಮುಂದೆ ಬರಲಿಲ್ಲವೆಂಬುದನ್ನು ನಾವು ಸಂಕೋಚದಿಂದಲೇ ಬರೆಯುತ್ತೇವೆ. ಮಾತು ಮಾತ್ರ ಬೆಳ್ಳಾವೆಯದು. ನಿರ್ದೇಶಕರು ವೈ. ವಿ. ರಾಯರು, ಇಂದ್ರಜಿತು ನಾಯಿಡುಗಳು, ರಾವಣ ನಾಗೇಂದ್ರರಾಯರು, ಸುಲೋಚನೆ ತ್ರಿಪುರಾಂಬೆಯವರು. ಸುಲೋಚನೆಯು ಆದಿಶೇಷನ ಮಗಳು. ಅವಳ ಪತಿಯನ್ನು ಕೊಲ್ಲುವ ಲಕ್ಷ್ಮಣನು ಶೇಷಾವತಾರ. ರಾಮನ ಪಕ್ಷದ ಪ್ರೇಕ್ಷಕರನ್ನೇ ಶತ್ರುಪತ್ನಿಗಾಗಿ ಅಳಿಸಬೇಕಾದ ಕಥೆಯಿದು. ಐವತ್ತನ್ನು ದಾಟಿದ್ದ ರಂಗಕವಿಗೆ ತಕ್ಕುದೇ ಸರಿ.

1934ರ ಮಾರ್ಚಿ 3ರಂದು ಬೆಂಗಳೂರಿನಲ್ಲಿ ತೆರೆಕಂಡ ಆ ಚಿತ್ರವು ಹಲವು ವಾರ ನಡೆಯಿತು. ಶಾಸ್ತ್ರಿಗಳು 1961ರಲ್ಲಿ ತೀರಿಕೊಂಡರು. ಚಿತ್ರದ ಪ್ರತಿಯೂ ಈಗ ಉಳಿದಿಲ್ಲ. ಅದರೊಡನೆ ಆ ಸಂಭಾಷಣೆಯ ಧ್ವನಿಯೂ ಹೋಯಿತು.

ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ಮನೆಗಳಲ್ಲಿ ಕೊಬ್ಬರಿಯ ಅಟ್ಟವನ್ನು ವರ್ಷ ವರ್ಷವೂ ಜೋಪಾನ ಮಾಡುತ್ತಾರೆ. ಅದೇ ಅಟ್ಟದ ಮೂಲೆಯಲ್ಲಿ ಕಂಪೆನಿ ನಾಟಕದ ಅಥವಾ ಹಳೆಯ ಟಾಕಿಯ ಹಾಡಿನ ಪುಸ್ತಕವೇನಾದರೂ ಬಿದ್ದಿದ್ದರೆ, ಗೆದ್ದಲು ಹಿಡಿಯುವ ಮುನ್ನ ಅದನ್ನು ಸಮೀಪದ ಪುಸ್ತಕಭಂಡಾರಕ್ಕೆ ತಲುಪಿಸಬೇಕೆಂದು ವಾಚಕ ಮಹಾಶಯರನ್ನು ಪ್ರಾರ್ಥಿಸುತ್ತೇವೆ.