ಇಂದಿನ ಧಮ್ಮ ಚಿಂತನೆ: ಮಗಳಿಗೆ ಹೊಣೆ ಒಪ್ಪಿಸಿದ ಅನಾಥಪಿಂಡಿಕ

 

ಸುಮಾರು 2500 ವರ್ಷಗಳ ಹಿಂದೆ ಸಾವತ್ಥಿಯಲ್ಲಿ ಸುದತ್ತ ಎಂಬ ದೊಡ್ಡ ವ್ಯಾಪಾರಿ ಇದ್ದರು. ದಿಕ್ಕಿಲ್ಲದವರಿಗೆ ಅನ್ನ ನೀಡುತ್ತಿದ್ದುದರಿಂದ ಅನಾಥಪಿಂಡಿಕ ಎಂದೇ ಹೆಸರಾದರು. ಕೆಲಸದ ಮೇಲೆ ರಾಜಗೃಹಕ್ಕೆ ಹೋದಾಗ ಭಾವಮೈದುನನ ಮನೆಯಲ್ಲಿ ಬುದ್ಧರ ವಿಷಯ ತಿಳಿಯಿತು. ಬೆಳಗಾಗುವ ಮೊದಲೇ ಎದ್ದು ಸೀತವನಕ್ಕೆ ನಡೆದರು.

ಧಮ್ಮದ ದಾರಿ ಹಿಡಿಯಲು ಸಂಪತ್ತು, ವ್ಯಾಪಾರ ಎಲ್ಲವನ್ನೂ ಬಿಡಬೇಕೇ ಎಂಬುದು ಅವರ ಪ್ರಶ್ನೆ. ಬಿಡಬೇಕಾಗಿಲ್ಲ, ಮನುಷ್ಯನನ್ನು ಕಟ್ಟಿಹಾಕುವುದು ಸಂಪತ್ತಲ್ಲ, ಅದಕ್ಕೆ ಅಂಟಿಕೊಳ್ಳುವ ಮನಸ್ಸು ಎಂಬುದು ಬುದ್ಧರ ಉತ್ತರ. ಬಾಬಾಸಾಹೇಬರು 'ಬುದ್ಧ ಮತ್ತು ಆತನ ಧಮ್ಮ' ಗ್ರಂಥದಲ್ಲಿ ಈ ಪ್ರಸಂಗಕ್ಕೆ ಜಾಗ ಕೊಟ್ಟಿದ್ದಾರೆ.

ಸುದತ್ತರು ಊರಿಗೆ ಮರಳಿ, ಜೇತ ರಾಜಕುಮಾರನ ತೋಟಕ್ಕೆ ನಾಣ್ಯ ಹಾಸಿ ಕೊಂಡು, ವಿಹಾರ ಕಟ್ಟಿಸಿದರು. ಮನೆಯಲ್ಲಿ ದಿನವೂ ಭಿಕ್ಖುಗಳಿಗೆ ಊಟ. ಆದರೆ ಚೀವರ, ಊಟ, ಔಷಧ ಕೊಟ್ಟೆವೆಂದು ಅಷ್ಟಕ್ಕೇ ತೃಪ್ತಿಪಡದೆ, ಆಗಾಗ ಏಕಾಂತದ ಸಂತೋಷವನ್ನೂ ಕಂಡುಕೊಳ್ಳಬೇಕೆಂದು ಬುದ್ಧರು ಅವರಿಗೆ ಬೋಧಿಸಿದ್ದು ಅಂಗುತ್ತರ ನಿಕಾಯದಲ್ಲಿದೆ. ಒಳ್ಳೆಯ ಕೆಲಸವೂ ಮನುಷ್ಯನಿಗೆ ಬಿಡುವಿಲ್ಲದಂತೆ ಮಾಡಬಲ್ಲದು.

ಮುಂದಿನ ಕಥೆ ಧಮ್ಮಪದದ ಅಟ್ಠಕಥೆಯಲ್ಲಿದೆ. ಊರಿನಲ್ಲಿ ಯಾರೇ ದಾನ ಮಾಡಲಿ, ಸುದತ್ತರು ಜೊತೆಗಿರಬೇಕಿತ್ತು. ತಮ್ಮ ಮನೆಯ ನಿತ್ಯದಾನ ನೋಡಿಕೊಳ್ಳಲು ಸಮಯ ಸಾಲಲಿಲ್ಲ. ಆ ಹೊಣೆಯನ್ನು ಹಿರಿಯ ಮಗಳು ಮಹಾಸುಭದ್ದೆಗೆ ವಹಿಸಿದರು. ಅವಳು ಮದುವೆಯಾಗಿ ಹೋದ ಮೇಲೆ ಚೂಳಸುಭದ್ದೆ, ಆಮೇಲೆ ಸುಮನಾ. ಬಡಿಸುತ್ತ, ಧಮ್ಮ ಕೇಳುತ್ತ ಮೂವರೂ ಬೆಳೆದರು.

ಸುಮನಾ ಕಾಯಿಲೆ ಬಿದ್ದಳು. ಓಡಿಬಂದ ತಂದೆಯನ್ನು ತಮ್ಮ ಎಂದು ಕರೆದು ಕಣ್ಣು ಮುಚ್ಚಿದಳು. ಮಗಳು ಬುದ್ಧಿ ತಪ್ಪಿ ಬಡಬಡಿಸಿ ಹೋದಳೆಂದು ಸುದತ್ತರು ಅಳುತ್ತ ಬುದ್ಧರ ಬಳಿ ಹೋದರು. ಅವಳಿಗೆ ಬುದ್ಧಿ ತಪ್ಪಿರಲಿಲ್ಲ. ತಂದೆ ಸೋತಾಪನ್ನರು, ಮಗಳು ಸಕದಾಗಾಮಿ. ಧಮ್ಮದ ದಾರಿಯಲ್ಲಿ ಅವಳೇ ಹಿರಿಯಳು ಎಂದು ಬುದ್ಧರು ತಿಳಿಸಿದರು.

ನಮ್ಮಲ್ಲಿ ಅಂಗಡಿ, ಗ್ಯಾರೇಜು, ಗುತ್ತಿಗೆ ಕೆಲಸ ಕಟ್ಟಿ ನಿಲ್ಲಿಸಿದ ಮೊದಲ ತಲೆಮಾರಿನವರಿದ್ದಾರೆ. ಬೆವರು ಸುರಿಸಿ ಕಟ್ಟಿದ್ದನ್ನು ಇನ್ನೊಬ್ಬರ ಕೈಗೆ ಕೊಡಲು ಜೀವ ಒಪ್ಪುವುದಿಲ್ಲ. ನಾನಿಲ್ಲದಿದ್ದರೆ ನಡೆಯದು ಎಂಬ ಭಯ ಸಹಜ. ಆದರೆ ನಾವು ಜಾಗ ಬಿಡದಿದ್ದರೆ ನಮ್ಮ ಸುಮನಾ ಬೆಳೆಯುವುದು ಎಲ್ಲಿ? ದಾರಿಯನ್ನು ಸಿಗಾಲೋವಾದ ಸುತ್ತ ತೋರಿಸಿದೆ: ದುಡಿಯುವವರಿಗೆ ಶಕ್ತಿಗೆ ತಕ್ಕ ಕೆಲಸ, ಊಟ, ಸಂಬಳ, ಕಾಯಿಲೆಯಲ್ಲಿ ಆರೈಕೆ, ಹೊತ್ತಿಗೆ ಬಿಡುವು. ಹೀಗೆ ನಡೆಸಿಕೊಂಡವರನ್ನು ನಂಬಿ ಹೊಣೆ ಕೊಡಬಹುದು.

ಸುದತ್ತರ ಕೊನೆಗಾಲದಲ್ಲಿ ಸಾರಿಪುತ್ತರು ಬಂದು, ಯಾವುದಕ್ಕೂ ಅಂಟಿಕೊಳ್ಳದಿರುವ ಬಗ್ಗೆ ಬೋಧಿಸಿದರು. ಇಷ್ಟು ವರ್ಷ ಸಂಘದ ಸೇವೆ ಮಾಡಿಯೂ ಇಂಥ ಮಾತು ಕೇಳಿರಲಿಲ್ಲವೆಂದು ಸುದತ್ತರು ಕಣ್ಣೀರಿಟ್ಟರು. ಇದನ್ನು ಗೃಹಸ್ಥರಿಗೂ ಹೇಳಿ ಎಂದು ಬೇಡಿಕೊಂಡರು. ಅವರು ಬೇಡಿದ್ದು ನಮಗಾಗಿ. ನಾವು ಹಾಸಿಗೆ ಹಿಡಿಯುವವರೆಗೆ ಕಾಯುವುದು ಬೇಡ.

ಇಂದಿನ ಅಭ್ಯಾಸ: ನೀವೇ ಮಾಡುತ್ತಿರುವ ಒಂದು ಕೆಲಸವನ್ನು ಇವತ್ತು ಇನ್ನೊಬ್ಬರಿಗೆ ಕಲಿಸಿ, ಒಪ್ಪಿಸಿ. ಉಳಿದ ಅರ್ಧ ಗಂಟೆ ಸುಮ್ಮನೆ ಕುಳಿತು ಉಸಿರನ್ನು ಗಮನಿಸಿ.

ಎಲ್ಲರಿಗೂ ಮಂಗಳವಾಗಲಿ. ಜೈ ಭೀಮ್.